ಹದಿನಾಲ್ಕು ಪೆಟ್ಟಿಗೆ ಬೋಲ್ಟು

ಕೆಲಸಕ್ಕೆ ಸೇರಿದ ಮೊದಲ ದಿನವೇ ಅವರಿಂದ ಬೈಸಿಕೊಂಡೆ. ಅಂಬರನಾಥದ ಆ ಬೋಲ್ಟ್ ಕಾರ್ಖಾನೆಯ ಪ್ರಯೋಗಾಲಯದಲ್ಲಿ, ಮೇಜಿನ ಮೇಲೆ ಎರಡು ತುಂಡಾದ ಬೋಲ್ಟೊಂದು ಬಿದ್ದಿತ್ತು. ಒಡೆದ ಬಟ್ಟಲು ಕಂಡರೆ ಕೈ ತಾನಾಗಿಯೇ ಜೋಡಿಸಿ ನೋಡಲು ಹೋಗುತ್ತದಲ್ಲ, ಹಾಗೆ ನಾನು ಎರಡು ತುಂಡನ್ನೂ ಎತ್ತಿ ಒಂದಕ್ಕೊಂದು ಕೂಡಿಸಿದೆ.

"ಏ ತಂಗಿ, ಇಡು ಅದನ್ನ ಕೆಳಗ" ಎಂದರು ಮೂಲೆಯಲ್ಲಿ ಸೂಕ್ಷ್ಮದರ್ಶಕದ ಮುಂದೆ ಕುಳಿತಿದ್ದವರು. ಎದ್ದು ಬಂದು ತುಂಡುಗಳನ್ನು ನನ್ನ ಕೈಯಿಂದ ಬಿಡಿಸಿಕೊಂಡರು. "ಮುರದ ಮುಖಾನ ನಮಗ ಸಾಕ್ಷಿ. ಎರಡೂ ಕೂಡಿಸಿ ತಿಕ್ಕಿದಿ ಅಂದ್ರ ಸಾಕ್ಷಿ ಬಾಯಿ ಮುಚ್ಚತೈತಿ. ಆಮ್ಯಾಲ ಯಾರನ್ನ ಕೇಳ್ತಿ?"

ನಾನಾಗ ಮೂವತ್ತರ ಹೆಂಗಸು, ಎರಡು ಮಕ್ಕಳ ತಾಯಿ. ಕುಂದಾಪುರದ ಕಡೆಯವಳು. ಮಂಗಳೂರಿನಲ್ಲಿ ರಸಾಯನಶಾಸ್ತ್ರ ಓದಿ, ಮದುವೆಯಾಗಿ ಡೊಂಬಿವಲಿಗೆ ಬಂದವಳು. ಮೊದಲ ದಿನವೇ ಹೀಗೆ ಅನ್ನಿಸಿಕೊಂಡು ಮುಖ ಸಣ್ಣದಾಗಿರಬೇಕು. ಅವರು ಅದನ್ನು ಗಮನಿಸಿದರು. ಊಟದ ಹೊತ್ತಿನಲ್ಲಿ ತಮ್ಮ ಡಬ್ಬಿಯಿಂದ ಅರ್ಧ ಜೋಳದ ರೊಟ್ಟಿ, ಮೇಲೊಂದಿಷ್ಟು ಶೇಂಗಾ ಚಟ್ನಿ ನನ್ನ ಮುಂದಿಟ್ಟು, "ಇಲ್ಲೀ ಜೋಳದ ಹಿಟ್ಟಿಗೆ ಜಿಗಿ ಇಲ್ಲ. ಆದ್ರೂ ತಿನ್ನು" ಎಂದರು. ಅದೇ ಅವರ ಕ್ಷಮಾಪಣೆ.

ಗದಗಿನ ಕಡೆಯವರು. ಕಾರ್ಖಾನೆಯಲ್ಲಿ ಎಲ್ಲರೂ ಅವರನ್ನು ಕಾಕಾ ಎನ್ನುತ್ತಿದ್ದರು. ಮರಾಠಿಯವರಿಗೂ ಅದು ಚಿಕ್ಕಪ್ಪ, ಅವರ ಊರಿನ ಕನ್ನಡಕ್ಕೂ ಅದೇ ಚಿಕ್ಕಪ್ಪ. ಐವತ್ತರ ಹತ್ತಿರದ ವಯಸ್ಸು, ತೆಳು ಮೈ, ಅಂಗಿಯ ಜೇಬಿನಲ್ಲಿ ಯಾವಾಗಲೂ ಒಂದು ಭೂತಗನ್ನಡಿ. ಅದನ್ನು ತೆಗೆಯಲು ಅವರಿಗೆ ಕಾರಣವೇ ಬೇಕಿರಲಿಲ್ಲ. ನನ್ನ ಚಪ್ಪಲಿಯ ಉಂಗುಷ್ಠ ಕಿತ್ತು ಬಂದ ದಿನ ಅದನ್ನು ಕೇಳಿ ತೆಗೆದುಕೊಂಡು, ಹರಿದ ತುದಿಯನ್ನು ಬೆಳಕಿಗೆ ಹಿಡಿದು ನೋಡಿ, "ನೀ ಎಡಗಾಲ ಮ್ಯಾಲ ಭಾರ ಹಾಕಿ ನಡೀತಿ. ಬೆನ್ನ ನೋಯಿಸ್ತೈತೇನ?" ಎಂದು ಕೇಳಿದ್ದರು. ನೋಯುತ್ತಿತ್ತು. ಲೋಕಲ್ ಟ್ರೇನಿನ ಹಿಡಿಕೆಗಳು, ಕೊಡದ ಕಂಠ, ಹೊಲಿಗೆ ಯಂತ್ರದ ಸೂಜಿ, ಯಾವುದು ಎಲ್ಲಿ ಸವೆಯುತ್ತದೆ, ಯಾವುದು ಸವೆಯದೆ ಒಮ್ಮೆಲೇ ಮುರಿಯುತ್ತದೆ ಎಂಬುದೇ ಅವರ ಲೋಕ. ಸವೆಯುವುದರ ಬಗ್ಗೆ ಅವರಿಗೆ ಒಂದು ಬಗೆಯ ಪ್ರೀತಿಯಿತ್ತು. "ಸವಿಯೋದು ಹೇಳಿ ಹೋಗತೈತಿ" ಎನ್ನುತ್ತಿದ್ದರು. ಹೇಳದೆ ಮುರಿಯುವುದನ್ನು ಕಂಡರೆ ಮಾತ್ರ ಅವರಿಗೆ ಆಗುತ್ತಿರಲಿಲ್ಲ.

ಕೆಲಸ ಕಲಿಸುವುದರಲ್ಲಿ ಬಹಳ ನಿಧಾನ. ಉಕ್ಕಿನ ಒಂದು ಚೂರನ್ನು ಕತ್ತರಿಸಿ, ಒರಟು ಮರಳುಕಾಗದದಿಂದ ಶುರುಮಾಡಿ ನಯವಾದದ್ದರವರೆಗೆ ಉಜ್ಜಿ, ಕೊನೆಗೆ ಮಖಮಲ್ಲಿನ ಬಟ್ಟೆಯ ಮೇಲೆ ತಿಕ್ಕಿ ಕನ್ನಡಿಯಂತೆ ಮಾಡಬೇಕು. ಒಂದು ಗೀರು ಉಳಿದರೂ ಮೊದಲಿನಿಂದ. ಆಮೇಲೆ ಅದರ ಮೇಲೆ ತೆಳು ಆಮ್ಲ ಸವರಿ ತೊಳೆದರೆ ಸೂಕ್ಷ್ಮದರ್ಶಕದ ಕೆಳಗೆ ಉಕ್ಕಿನ ಕಣಗಳು ಒಂದಕ್ಕೊಂದು ಅಂಟಿಕೊಂಡು ಕೂತಿರುವುದು ಕಾಣುತ್ತಿತ್ತು. ನಾನು ಒಂದು ಚೂರನ್ನು ನಾಲ್ಕು ದಿನ ಉಜ್ಜಿದ್ದೇನೆ. ಐದನೆಯ ದಿನ ನೋಡಿ "ಹೂಂ" ಎಂದರು. ಆ ಒಂದು "ಹೂಂ"ಗಾಗಿ ನಾನು ಮನೆಯಲ್ಲಿ ಪಾಯಸ ಮಾಡಿದ್ದೆ.

ಅವರು ಇರುತ್ತಿದ್ದದ್ದು ಕಾರ್ಖಾನೆಯ ಕಾಂಪೌಂಡಿನ ಒಳಗೇ, ಕಂಪನಿ ಕೊಟ್ಟ ಎರಡು ಕೋಣೆಯ ಮನೆಯಲ್ಲಿ. ಅವರ ಹೆಂಡತಿ, ನಮಗೆಲ್ಲ ಕಾಕು, ಅದೇ ಕಾಂಪೌಂಡಿನಲ್ಲಿದ್ದ ಕಂಪನಿಯ ಶಾಲೆಯಲ್ಲಿ ಪಾಠ ಹೇಳುತ್ತಿದ್ದರು. ಒಬ್ಬಳೇ ಮಗಳು ಅದೇ ಶಾಲೆಯಲ್ಲಿ ಓದುತ್ತಿದ್ದಳು. ಮನೆಯ ಕಿಟಕಿ ತೆರೆದರೆ ಎದುರಿಗೆ ಬೋಲ್ಟಿಗೆ ಲೇಪ ಹಾಕುವ ಪ್ಲೇಟಿಂಗ್ ವಿಭಾಗದ ಹಿಂಗೋಡೆ, ಆಮ್ಲದ ಹೊಗೆ ತಾಗಿ ಹಳದಿಗಟ್ಟಿದ್ದು. ಒಮ್ಮೆ ನಾನು, "ಎಂತ ಕಾಕು, ಕಿಟಕಿ ಯಾವಾಗಲೂ ಮುಚ್ಚಿಯೇ ಇರ್ತದಲ್ಲ?" ಎಂದು ಕೇಳಿದ್ದಕ್ಕೆ ಅವರು ನಕ್ಕು ಹೇಳಿದರು: "ತಗದ್ರ ಏನ ಕಾಣತೈತಿ? ಇಲ್ಲೇ ಪಗಾರ, ಇಲ್ಲೇ ಸಾಲಿ, ಇಲ್ಲೇ ಮನಿ. ಗೇಟಿನ ಹೊರಗ ನಮ್ಮದು ಅನ್ನೂದು ಸ್ಟೇಷನ್ನಿನಾಗ ಕೂಡೂ ಬಾಕ ಒಂದ ಐತಿ, ಅದೂ ಜಾಗಾ ಸಿಕ್ಕರ."

ನಾನು ಸೇರಿ ಮೂರನೆಯ ವರ್ಷವಿರಬೇಕು, ಎಪ್ಪತ್ತರ ದಶಕ ಮುಗಿಯುತ್ತ ಬಂದಿತ್ತು. ಕಂಪನಿಗೆ ಹೊಸ ಬೇಡಿಕೆ ಬಂತು. ತುಂಬಾ ಗಟ್ಟಿ ಉಕ್ಕಿನ ಬೋಲ್ಟು, ಅದರ ಮೇಲೆ ತುಕ್ಕು ಹಿಡಿಯದಂತೆ ಸತುವಿನ ಲೇಪ. ಇಲ್ಲಿ ಒಂದು ವಿಷಯ ಹೇಳಬೇಕು. ಲೇಪ ಹಾಕುವ ಮೊದಲು ಬೋಲ್ಟನ್ನು ಆಮ್ಲದಲ್ಲಿ ಅದ್ದುತ್ತಾರೆ, ಆಮೇಲೆ ವಿದ್ಯುತ್ ಹರಿಸಿ ಸತು ಹಚ್ಚುತ್ತಾರೆ. ಈ ಎರಡೂ ಹೊತ್ತಿನಲ್ಲಿ ಹೈಡ್ರೋಜನ್ ಉಕ್ಕಿನ ಒಳಕ್ಕೆ ನುಸುಳುತ್ತದೆ. ಅದಕ್ಕಿಂತ ಸಣ್ಣ ಪರಮಾಣು ಬೇರೆ ಇಲ್ಲ, ಹಾಗಾಗಿ ಅದು ಎಲ್ಲಿ ಬೇಕಾದರೂ ಹೋಗುತ್ತದೆ. ಮೇಲೆ ಸತುವಿನ ಪದರ ಕೂತ ಮೇಲೆ ಹೊರಗೆ ಬರಲು ದಾರಿಯಿಲ್ಲದೆ ಒಳಗೇ ಉಳಿಯುತ್ತದೆ. ಬೋಲ್ಟನ್ನು ಬಿಗಿದು ಬಿಟ್ಟರೆ, ಭಾರ ಬಿದ್ದ ಕಡೆ ಅದು ಹೋಗಿ ಸೇರಿ, ಕಣ ಕಣಗಳ ನಡುವಿನ ಹಿಡಿತವನ್ನು ಸಡಿಲಿಸುತ್ತದೆ. ಒಂದು ದಿನವೋ ಎರಡು ದಿನವೋ ಕಳೆದು, ಯಾರೂ ಮುಟ್ಟದಿದ್ದಾಗ, ಬೋಲ್ಟು ತಾನಾಗಿ ಮುರಿಯುತ್ತದೆ. ಇದಕ್ಕೆ ಮದ್ದು ಒಂದೇ. ಲೇಪ ಹಾಕಿದ ಕೂಡಲೇ ಹದವಾದ ಬಿಸಿಯ ಭಟ್ಟಿಯಲ್ಲಿ ಹಲವು ಗಂಟೆ ಇಟ್ಟು, ಒಳಗಿರುವುದನ್ನು ಹೊರಗೆ ಓಡಿಸುವುದು.

ನಮ್ಮಲ್ಲಿದ್ದದ್ದು ಒಂದು ಸಣ್ಣ ಭಟ್ಟಿ. ಬೋಲ್ಟುಗಳೋ ರಾಶಿ ರಾಶಿ. ಮ್ಯಾನೇಜರ್ ಭಟ್ಟಿಯ ಹೊತ್ತನ್ನು ಮೊದಲು ಅರ್ಧ ಮಾಡಿದ. ಆಮೇಲೆ ಒಂದು ತಿಂಗಳು ಪೂರ್ತಿ ಬಿಟ್ಟೇಬಿಟ್ಟ.

ಕಾಕಾ ಚೀಟಿ ಬರೆದರು. ಉತ್ತರ ಬರಲಿಲ್ಲ. ಇನ್ನೊಂದು ಬರೆದರು. ಕೊನೆಗೆ, ಭಟ್ಟಿ ಕಾಣದ ನಾಲ್ಕು ಬೋಲ್ಟುಗಳನ್ನು ತಂದು ಒಂದು ದಪ್ಪ ಕಬ್ಬಿಣದ ಹಲಗೆಗೆ ಬಿಗಿದು ಪ್ರಯೋಗಾಲಯದ ಕಟ್ಟೆಯ ಮೇಲೆ ಇಟ್ಟರು. ಮರುದಿನ ಊಟದ ಹೊತ್ತಿಗೆ ಕಾಕು ಬಿಸಿ ರೊಟ್ಟಿ ತಂದಿದ್ದರು. ನಾವು ಮೂವರೂ ಕೂತು ತಿನ್ನುತ್ತಿದ್ದಾಗ "ಟಕ್" ಎಂದಿತು. ಒಂದು ಬೋಲ್ಟಿನ ತಲೆ ಹಾರಿ ಗೋಡೆಗೆ ಬಡಿದು ಕೆಳಗೆ ಉರುಳಿತು. ಯಾರೂ ಅದರ ಹತ್ತಿರ ಇರಲಿಲ್ಲ. ಕಾಕು ಹೆದರಿ ಎದ್ದು ನಿಂತರು. ಕಾಕಾ ಬಾಯಲ್ಲಿದ್ದ ತುತ್ತನ್ನು ಅಗಿಯುವುದನ್ನೂ ಮರೆತು ಅದನ್ನೇ ನೋಡುತ್ತ ಕೂತರು.

ಮ್ಯಾನೇಜರನ್ನು ಕರೆಸಿ ತೋರಿಸಿದರು. ಅವನು ಕೆಟ್ಟವನೆಂದು ಹೇಳಲಾರೆ. ಅವನ ಬೆನ್ನ ಮೇಲೂ ಮಾಲೀಕನಿದ್ದ. ಹಲಗೆಯನ್ನು ನೋಡಿ, "ಕಾಕಾ, ಯಂತ್ರದಲ್ಲಿ ಎಳೆದು ನೋಡಿದಿರಲ್ಲ, ಪಾಸ್ ಹೈ ನಾ?" ಎಂದ. ಅದು ನಿಜವೇ. ಯಂತ್ರದಲ್ಲಿ ಒಮ್ಮೆಲೇ ಎಳೆದರೆ ಆ ಬೋಲ್ಟುಗಳು ಎಲ್ಲ ಪರೀಕ್ಷೆಯನ್ನೂ ಗೆಲ್ಲುತ್ತಿದ್ದವು. ಅದೇ ಅವುಗಳ ಮೋಸ. "ಪಾಸ್ ಐತ್ರಿ. ನಾಳೆ ಮುರೀತೈತಿ" ಎಂದು ಕಾಕಾ ಕನ್ನಡದಲ್ಲೇ ಹೇಳಿ, ಆಮೇಲೆ ಹಿಂದಿಯಲ್ಲಿ ಹೇಳಿದರು. "ನಾಳೆಯದು ನಾಳೆ" ಎಂದು ಅವನು ಹೋದ.

ಪ್ರತಿ ಪೆಟ್ಟಿಗೆಯ ಜೊತೆಗೂ ಒಂದು ಪ್ರಮಾಣಪತ್ರ ಹೋಗಬೇಕು. ಅದರಲ್ಲಿ "ಭಟ್ಟಿಯಲ್ಲಿ ಇಡಲಾಗಿದೆ" ಎಂಬ ಸಾಲಿನ ಮುಂದೆ ಕಾಕಾರ ಸಹಿ. ಲೇಪದ ದಪ್ಪ ಅಳೆದ ಸಾಲಿನ ಮುಂದೆ ನನ್ನದು. ಮೂರು ವಾರ ಅವರು ಸಹಿ ಮಾಡಲಿಲ್ಲ. ಪೆಟ್ಟಿಗೆಗಳು ಗೋದಾಮಿನಲ್ಲಿ ಕೂತವು. ಯಾರೂ ಅವರನ್ನು ಗದರಿಸಲಿಲ್ಲ. ಒಂದು ದಿನ ಮನೆಯನ್ನು ಅಳೆಯಲು ಟೇಪು ಹಿಡಿದ ಒಬ್ಬ ಬಂದ, ಇನ್ನೊಬ್ಬ ಅಧಿಕಾರಿಗೆ ಮನೆ ಬೇಕಾಗಬಹುದು ಎಂದ. ಅದೇ ವಾರ ಶಾಲೆಯ ಮುಖ್ಯೋಪಾಧ್ಯಾಯಿನಿ ಕಾಕುವನ್ನು ಕರೆದು, ನಿಮ್ಮ ನೇಮಕ ಹಂಗಾಮಿಯಲ್ಲವೇ, ಜೂನ್‌ನಲ್ಲಿ ನೋಡೋಣ ಎಂದರು. ಅಷ್ಟೇ.

ಒಂದು ಮಧ್ಯಾಹ್ನ ಕಾಕಾ ನನ್ನನ್ನು ಕಾಗದಗಳನ್ನು ತರಲು ಹೇಳಿದರು. ಹದಿನಾಲ್ಕು ಪೆಟ್ಟಿಗೆಗೆ ಹದಿನಾಲ್ಕು ಕಾಗದ. ನನ್ನ ಸಹಿ ಆಗಲೇ ಇತ್ತು. ಲೇಪದ ದಪ್ಪ ಸರಿಯಾಗಿತ್ತು, ನನ್ನ ಸಾಲಿನಲ್ಲಿ ಸುಳ್ಳಿರಲಿಲ್ಲ. ಆದರೆ ಮೇಲಿನ ಸಾಲು ಸುಳ್ಳೆಂದು ನನಗೆ ಗೊತ್ತಿತ್ತು. ಅವರು ಒಂದೊಂದೇ ಕಾಗದಕ್ಕೆ ಸಹಿ ಹಾಕುತ್ತ ಹೋದರು. ನಾನು ಒಂದೊಂದೇ ತೆಗೆದು ಇನ್ನೊಂದು ಇಡುತ್ತ ಹೋದೆ. ಬೇಡ ಕಾಕಾ ಎಂದು ಹೇಳಬಹುದಿತ್ತು. ನನಗೂ ಕೆಲಸ ಬೇಕಿತ್ತು. ಮುಗಿದ ಮೇಲೆ ಅವರು ಪೆನ್ನಿನ ಮುಚ್ಚಳ ಹಾಕಿ, ಎದ್ದು ಹೋಗಿ ಬಹಳ ಹೊತ್ತು ಕೈ ತೊಳೆದರು.

ಹತ್ತು ಹನ್ನೆರಡು ದಿನ ಕಳೆದಿರಬೇಕು. ಡೊಂಬಿವಲಿಯ ಎಂಐಡಿಸಿ ಕೈಗಾರಿಕಾ ಪ್ರದೇಶದ ಒಂದು ರಾಸಾಯನಿಕ ಕಾರ್ಖಾನೆಯಲ್ಲಿ, ಕುದಿಯುವ ದ್ರವವಿದ್ದ ಒಂದು ಹಂಡೆಯ ಮುಚ್ಚಳದ ಬೋಲ್ಟುಗಳು ಮುರಿದವು. ಶನಿವಾರ ಬಿಗಿದದ್ದು, ಸೋಮವಾರ ಮುರಿಯಿತು. ಅವುಗಳನ್ನು ಬಿಗಿದ ಕೆಲಸಗಾರನೇ ಆ ಹೊತ್ತಿನಲ್ಲಿ ಎದುರಿಗೆ ನಿಂತಿದ್ದ. ಅವನ ಮುಖ, ಕುತ್ತಿಗೆ ಸುಟ್ಟಿತು. ಒಂದು ಕಣ್ಣು ಹೋಯಿತು.

ಮುರಿದ ಬೋಲ್ಟುಗಳು ಬಟ್ಟೆಯ ಚೀಲದಲ್ಲಿ ನಮ್ಮ ಪ್ರಯೋಗಾಲಯಕ್ಕೆ ಬಂದವು. ಕಾಕಾ ಯಾರನ್ನೂ ಮುಟ್ಟಗೊಡಲಿಲ್ಲ. ಭೂತಗನ್ನಡಿಯಲ್ಲಿ ನೋಡಿದಾಗಲೇ ಅವರಿಗೆ ತಿಳಿದಿತ್ತು. ಆದರೂ ಮುಂಬಯಿಯ ಒಂದು ದೊಡ್ಡ ಸಂಸ್ಥೆಯಲ್ಲಿದ್ದ ತಮ್ಮ ಹಳೆಯ ಸಹಪಾಠಿಗೆ ಒಂದು ತುಂಡು ಕಳಿಸಿ, ಅಲ್ಲಿನ ಎಲೆಕ್ಟ್ರಾನ್ ಸೂಕ್ಷ್ಮದರ್ಶಕದಲ್ಲಿ ಚಿತ್ರ ತೆಗೆಸಿದರು. ಆ ಚಿತ್ರ ಬಂದಾಗ ನನ್ನ ಮುಂದಿಟ್ಟರು. "ಏನ ಕಾಣತೈತಿ?"

"ಕಲ್ಲುಸಕ್ಕರೆ ಒಡೆದ ಹಾಗೆ ಉಂಟು ಕಾಕಾ."

"ಹೌದು. ಕಣಾ ಹರದಿಲ್ಲ. ಕಣಾ ಕಣಾ ಬಿಟ್ಟು ದೂರಾಗ್ಯಾವು." ಆ ಚಿತ್ರವನ್ನು ಅವರು ಕಂಪಾಸು ಪೆಟ್ಟಿಗೆಯ ಕೆಳಗಿಟ್ಟರು.

ಮ್ಯಾನೇಜರಿಗೆ ಬೇಕಾದ ವರದಿ ಬೇರೆಯಿತ್ತು. ಕೆಲಸಗಾರ ಅಳತೆ ಮೀರಿ ಬಿಗಿದ, ಅದಕ್ಕೆ ಮುರಿಯಿತು ಎಂದು ಬರೆಯಿರಿ ಎಂದ. ಹಾಗೆ ಬರೆದರೆ ಸುಟ್ಟುಕೊಂಡವನದೇ ತಪ್ಪಾಗುತ್ತಿತ್ತು, ಅವನ ಕೆಲಸವೂ ಹೋಗುತ್ತಿತ್ತು. "ಜಗ್ಗಿ ಮುರದ ಬೋಲ್ಟು ಸೊಂಟಾ ಸಣ್ಣ ಮಾಡ್ಕೊಂಡ ಮುರೀತೈತಿ. ಇದು ನಿಂತಲ್ಲೇ ಮುರದೈತಿ. ಅಂವ ಸರಿಯಾಗೇ ಬಿಗದಾನ" ಎಂದರು ಕಾಕಾ. ಮ್ಯಾನೇಜರ್ ಮೇಜಿನ ಖಾನೆಯಿಂದ ಪ್ರಮಾಣಪತ್ರದ ನಕಲು ತೆಗೆದು ಅವರ ಮುಂದೆ ಹಿಡಿದ. ಸಹಿ ಯಾರದು ಕಾಕಾ, ಎಂದು ಮೆಲ್ಲಗೆ ಕೇಳಿದ. ನಿಜ ಹೇಳಿದರೆ ಮೊದಲು ಸಿಕ್ಕಿಬೀಳುವವರು ನೀವೇ, ಎಂದ.

ಆ ಭಾನುವಾರ ನಾನು ಅವರ ಮನೆಗೆ ಹೋದೆ. ಕಾಕಾ ಮಂಚದ ಮೇಲೆ ಗೋಡೆಗೆ ಮುಖ ಮಾಡಿ ಕೂತಿದ್ದರು. ನಾನು ಬಂದದ್ದು ಗೊತ್ತಾಗಿಯೂ ತಿರುಗಲಿಲ್ಲ. ಅಪಘಾತದ ಸರಕಾರಿ ವಿಚಾರಣೆ ಮರುದಿನವಿತ್ತು. ಕಾಕು ಅಡುಗೆಯ ಒಲೆಯ ಮುಂದಿನಿಂದಲೇ, ದನಿಯೇರಿಸದೆ ಹೇಳಿದರು:

"ನನ್ನ ಸಾಲಿ ನೆಪಾ ಮಾಡ್ಕೊಂಡ ಸಹಿ ಮಾಡಿದ್ರಿ. ನಾ ಕೇಳಿದ್ನೇನ ನಿಮ್ಮನ್ನ? ಈಗ ನನ್ನ ಸಾಲಿ ನೆಪಾ ಮಾಡ್ಕೊಂಡ ಬಾಯಿ ಮುಚ್ಚಿ ಕೂಡಬ್ಯಾಡ್ರಿ."

ಕಾಕಾ ಎದ್ದು, ಇಸ್ತ್ರಿ ಮಾಡಿದ ಅಂಗಿ ಇದೆಯೇ ಎಂದು ಕೇಳಿದರು.

ಮರುದಿನ ಡೊಂಬಿವಲಿಯಲ್ಲಿ, ಸರಕಾರದ ಕಾರ್ಖಾನೆ ನಿರೀಕ್ಷಕರ ಮುಂದೆ, ಕಾಕಾ ಆ ಚಿತ್ರವನ್ನು ಇಟ್ಟು ಎಲ್ಲವನ್ನೂ ಹೇಳಿದರು. ಭಟ್ಟಿಯಲ್ಲಿ ಇಟ್ಟಿರಲಿಲ್ಲ, ಗೊತ್ತಿದ್ದೂ ಸಹಿ ಮಾಡಿದ್ದೇನೆ ಎಂದರು. ಕೆಳಗಿನ ಸಹಿ ಯಾರದು ಎಂದು ಕೇಳಿದ್ದಕ್ಕೆ, ಅದು ಲೇಪದ ದಪ್ಪಕ್ಕೆ ಸಂಬಂಧಪಟ್ಟದ್ದು, ಅದು ಸರಿಯಿದೆ, ಆಕೆಗೂ ಭಟ್ಟಿಗೂ ಸಂಬಂಧವಿಲ್ಲ ಎಂದರು. ಇದನ್ನು ನನಗೆ ಹೇಳಿದ್ದು ಅಲ್ಲಿದ್ದ ಯೂನಿಯನ್ನಿನವರು. ಕಾಕಾ ಹೇಳಲೇ ಇಲ್ಲ.

ಸುಟ್ಟುಕೊಂಡವನ ಮೇಲಿನ ದೋಷ ಹೋಯಿತು. ನಮ್ಮಲ್ಲಿ ದೊಡ್ಡದೊಂದು ಭಟ್ಟಿ ಬಂತು. ಕಾಕಾರನ್ನು ಕೆಲಸದಿಂದ ತೆಗೆಯಲಿಲ್ಲ, ತೆಗೆದರೆ ನಿರೀಕ್ಷಕರ ಕಣ್ಣು ಮತ್ತೆ ಬೀಳುತ್ತಿತ್ತು. ಮೂರು ತಿಂಗಳ ಅಮಾನತಿನ ನಂತರ ಅವರನ್ನು ಸಾಮಾನು ರವಾನೆಯ ವಿಭಾಗಕ್ಕೆ ಹಾಕಿದರು. ಪೆಟ್ಟಿಗೆಗಳಿಗೆ ಮೊಳೆ ಹೊಡೆಸಿ, ಚೀಟಿ ಅಂಟಿಸಿ ಲಾರಿಗೆ ಏರಿಸುವ ಜಾಗ. ಕಾಕುವಿನ ನೇಮಕ ಜೂನ್‌ನಲ್ಲಿ ಮುಗಿಯಿತು. ಸೂಕ್ಷ್ಮದರ್ಶಕದ ಮುಂದಿನ ಕುರ್ಚಿಯನ್ನು ನನಗೆ ಕೊಟ್ಟರು.

ಬೇಡವೆನ್ನಬೇಕೆಂದು ಅವರ ಬಳಿ ಹೋದೆ. "ನಾನು ಅಲ್ಲಿ ಕೂತುಕೊಳ್ಳುವುದು ಹೇಗೆ ಕಾಕಾ? ನನ್ನಿಂದ ಆಗ್ಲಿಕ್ಕಿಲ್ಲ."

"ನೀ ಕೂಡಲಿಲ್ಲ ಅಂದ್ರ ಬ್ಯಾರೆ ಯಾವನರ ಬಂದ ಕೂಡ್ತಾನ. ಅಂವಾ ಎಂಥಾಂವೋ ಏನೋ" ಎಂದರು. "ಭಟ್ಟಿ ಆಗದ ಒಂದ ಪೆಟ್ಟಿಗೀನೂ ನನ್ನ ಕಡೆ ಬರಬಾರದು ನೋಡು, ಅಷ್ಟ."

ಅದೊಂದನ್ನು ನಾನು ಪಾಲಿಸಿದೆ.

ಅವರು ಏಕೆ ಬೇರೆ ಕಡೆ ಹೋಗಲಿಲ್ಲ ಎಂದು ಆಗ ಹಲವರು ಕೇಳುತ್ತಿದ್ದರು. ಹೋಗದೆ ಇರಲಿಲ್ಲ. ಠಾಣೆಯಲ್ಲಿ ಎರಡು ಕಡೆ, ಕಲ್ಯಾಣದಲ್ಲಿ ಒಂದು ಕಡೆ ಸಂದರ್ಶನಕ್ಕೆ ಹೋಗಿ ಬಂದರು. ಮೂರನೆಯದರಿಂದ ಬಂದ ದಿನ ನನಗೆ ಹೇಳಿದರು, "ಖರೆ ಹೇಳೋ ಕಂಪನಿಗೆ ಸುಳ್ಳ ಸಹಿ ಮಾಡಿದಾಂವ ಬ್ಯಾಡ. ಸುಳ್ಳ ಹೇಳೋ ಕಂಪನಿಗೆ ಖರೆ ಹೇಳಿದಾಂವ ಬ್ಯಾಡ. ಇನ್ನ ಮೂರನೇ ಥರದ ಕಂಪನಿ ಎಲ್ಲೈತಿ?" ಆಮೇಲೆ ಹೋಗುವುದನ್ನು ಬಿಟ್ಟರು. ಮಗಳ ಓದು, ತಲೆಯ ಮೇಲಿನ ಸೂರು, ಎಲ್ಲ ಆ ಗೇಟಿನ ಒಳಗೇ ಇತ್ತು. ನಿವೃತ್ತಿಯವರೆಗೆ ಏಳು ವರ್ಷ ಅಲ್ಲಿಯೇ ಕಳೆದರು. ಪ್ರಯೋಗಾಲಯದ ಬಾಗಿಲ ಮುಂದಿನಿಂದ ಹಾದುಹೋಗಬೇಕಾಗಿ ಬಂದರೆ ಅಂಗಳವನ್ನು ಸುತ್ತಿಕೊಂಡು ಹೋಗುತ್ತಿದ್ದರು. ನಾನು ಒಂದೆರಡು ಬಾರಿ ಕಷ್ಟದ ತುಂಡುಗಳನ್ನು ಕರವಸ್ತ್ರದಲ್ಲಿ ಸುತ್ತಿ ಅವರ ಬಳಿ ಒಯ್ದಿದ್ದೆ. ಭೂತಗನ್ನಡಿ ತೆಗೆದು ನೋಡಿ ಹೇಳುತ್ತಿದ್ದರು. ಒಳಗೆ ಬನ್ನಿ ಎಂದರೆ ಬರುತ್ತಿರಲಿಲ್ಲ.

ನಿವೃತ್ತರಾಗಿ ನವಿ ಮುಂಬಯಿಯ ನೆರೂಳಿನಲ್ಲಿ ಒಂದು ಕೋಣೆಯ ಮನೆಗೆ ಹೋದರು. ಆಗ ಅಲ್ಲಿ ಕಟ್ಟಡಗಳಿಗಿಂತ ಬಯಲೇ ಹೆಚ್ಚು, ರೈಲೂ ಬಂದಿರಲಿಲ್ಲ. ಕಾಕು ಎಲ್ಲ ಕಿಟಕಿಗಳನ್ನೂ ತೆರೆದಿಟ್ಟಿದ್ದರು. ಗಾಳಿಗೆ ಕ್ಯಾಲೆಂಡರು ಪಟಪಟ ಬಡಿಯುತ್ತಿತ್ತು. ನಾನು ಹೋದ ದಿನ ಕಾಕಾ ಚಹಾ ಮುಗಿಸಿ, "ತಂಗಿ, ನನ್ನ ಸಂಗಾಟ ಕಲ್ಯಾಣಕ್ಕ ಬರ್ತೀ?" ಎಂದು ಕೇಳಿದರು. ಕಣ್ಣು ಕಳೆದುಕೊಂಡವನು ಕಲ್ಯಾಣದಲ್ಲಿ ಇದ್ದಾನೆ, ಎರಡು ಸಲ ಅವನ ಗಲ್ಲಿಯ ತನಕ ಹೋಗಿ ತಿರುಗಿ ಬಂದೆ, ಎಂದರು. ಇಷ್ಟು ವರ್ಷದಲ್ಲಿ ಅವರು ಅವನನ್ನು ನೋಡಿಯೇ ಇರಲಿಲ್ಲ.

ಮುಂದಿನ ಭಾನುವಾರ ಹೋದೆವು. ಅವನು ಒಂದು ಹಿಟ್ಟಿನ ಗಿರಣಿಯಲ್ಲಿ ಕೆಲಸ ಮಾಡುತ್ತಿದ್ದ. ನಲವತ್ತರ ಆಳು, ಎಡಗಣ್ಣು ಮುಚ್ಚಿಕೊಂಡಿತ್ತು, ಕುತ್ತಿಗೆಯ ಚರ್ಮ ಎಳೆದು ಕಟ್ಟಿದಂತಿತ್ತು. ಮೈಯೆಲ್ಲ ಹಿಟ್ಟು. ಕಾಕಾ ಗಿರಣಿಯ ಸದ್ದಿನ ನಡುವೆ ಏನೋ ಹೇಳಹೋದರು. ಅವನಿಗೆ ಕೇಳಿಸಲಿಲ್ಲ. ಯಂತ್ರ ನಿಲ್ಲಿಸಿದ.

"ಆ ಬೋಲ್ಟಿನ ಕಾಗದಕ್ಕೆ ಸಹಿ ಮಾಡಿದವನು ನಾನು" ಎಂದರು ಕಾಕಾ, ಮರಾಠಿಯಲ್ಲಿ.

"ಗೊತ್ತು. ಯೂನಿಯನ್ನಿನವರು ಹೇಳಿದ್ದರು" ಎಂದ ಅವನು. "ಕೂತುಕೊಳ್ಳಿ." ಕೂರಲು ಗೋಧಿಯ ಚೀಲ ಬಿಟ್ಟರೆ ಏನೂ ಇರಲಿಲ್ಲ. ಕಾಕಾ ನಿಂತೇ ಇದ್ದರು. ಅವನು ಹೆಗಲ ಬಟ್ಟೆಯಿಂದ ಮುಖ ಒರೆಸಿಕೊಂಡು, ಬಹಳ ದಿನದಿಂದ ಕೇಳಬೇಕೆಂದಿದ್ದವನಂತೆ ಕೇಳಿದ, "ನಮಗೆ ಬಂದದ್ದು ಒಂದು ಪೆಟ್ಟಿಗೆ. ಮಿಕ್ಕವು ಎಲ್ಲಿ ಹೋದವು?"

ಕಾಕಾರ ಉತ್ತರ ತಯಾರಿತ್ತು. ಹದಿನಾಲ್ಕು ಪೆಟ್ಟಿಗೆ. ರವಾನೆ ವಿಭಾಗದಲ್ಲಿ ಕೂತ ಏಳು ವರ್ಷವೂ ಅವರು ಹಳೆಯ ಚೀಟಿಗಳನ್ನು ಹುಡುಕಿ, ಕೊಂಡವರಿಗೆ ಕಾರ್ಡು ಬರೆದು, ರಜೆಯ ದಿನ ತಾವೇ ಹೋಗಿ, ಒಂದೊಂದಾಗಿ ಹಿಂದಕ್ಕೆ ತರಿಸಿದ್ದರು. ನನಗೆ ಇದು ಆವತ್ತೇ ಗೊತ್ತಾದದ್ದು. ಬಿಗಿದಿದ್ದವುಗಳನ್ನು ಬಿಚ್ಚಿಸಿದ್ದರು. ಬಂದವುಗಳನ್ನೆಲ್ಲ ಕರಗಿಸಲು ಕಳಿಸಿದ್ದರು. "ನಿಮ್ಮದೂ ಸೇರಿ ಹದಿಮೂರು ಸಿಕ್ಕವು" ಎಂದರು. "ಒಂದನ್ನು ಭಿವಂಡಿಯ ವ್ಯಾಪಾರಿಯೊಬ್ಬ ಯಾರಿಗೋ ಮಾರಿದ್ದಾನೆ. ಅವನೀಗ ಬದುಕಿಲ್ಲ. ಅದೊಂದು ಸಿಗಲಿಲ್ಲ."

"ಅಂದರೆ ಎಲ್ಲೋ ಇದೆ."

"ಎಲ್ಲೋ ಇದೆ. ತೆರೆಯದೆ ಇದ್ದರೆ ಹಾಗೇ ಇರುತ್ತದೆ."

ಅವನು ತಲೆಯಾಡಿಸಿದ. ಕ್ಷಮಿಸಿದೆ ಎನ್ನಲಿಲ್ಲ, ಬೈಯಲೂ ಇಲ್ಲ. ಡಬ್ಬ ಹಿಡಿದು ಹೆಂಗಸರು ಕಾಯುತ್ತಿದ್ದರು. "ಕೆಲಸ ಇದೆ" ಎಂದು ಯಂತ್ರ ಶುರು ಮಾಡಿದ.

ಸ್ಟೇಷನ್ನಿಗೆ ನಡೆದೆವು. ಪ್ಲಾಟ್‌ಫಾರ್ಮಿನಲ್ಲಿ ನಾನು, "ನನಗೂ ಗೊತ್ತಿತ್ತಲ್ಲ ಕಾಕಾ. ಆ ಕಾಗದದಲ್ಲಿ ನನ್ನ ಸಹಿಯೂ ಇತ್ತು. ನಾನು ಅಲ್ಲಿ ಏನೂ ಹೇಳಲಿಲ್ಲ" ಎಂದೆ. ಅವರು ನನ್ನನ್ನು ನೋಡಿ, "ನಾ ನಿನ್ನ ಹೆಸರ ತಗೀಲಿಲ್ಲ. ನೀ ತಗೀಬೇಕೋ ಬ್ಯಾಡೋ, ಅದು ನಿನಗ ಬಿಟ್ಟದ್ದು" ಎಂದರು. ಟ್ರೇನು ಬಂತು. ನಾನು ಹೆಂಗಸರ ಡಬ್ಬಿ ಹತ್ತಿದೆ, ಅವರು ಗಂಡಸರದಕ್ಕೆ ಹೋದರು.

ಅದೇ ವರ್ಷ, ದೀಪಾವಳಿ ಕಳೆದ ಮೇಲೆ, ಕಾಕಾ ಎರಡು ದಿನದ ಜ್ವರದಲ್ಲಿ ತೀರಿಕೊಂಡರು. ಮಣ್ಣಿಗೆ ಹೋದವರಲ್ಲಿ ಕಾರ್ಖಾನೆಯಿಂದ ನಾನೊಬ್ಬಳೇ. ಕಾಕು ಅಳಲಿಲ್ಲ. "ಏಳೆಂಟ ವರ್ಷದಾಗ ಇವರು ಸರಿಯಾಗಿ ನಿದ್ದಿ ಮಾಡಿದ್ದ ಅಂದ್ರ ಈ ನೆರೂಳಾಗ" ಎಂದಷ್ಟೇ ಹೇಳಿದರು.

ಹದಿನೈದು ದಿನ ಬಿಟ್ಟು ಒಂದು ಬೆಳಿಗ್ಗೆ ನಾನು ಅಂಬರನಾಥದ ಟ್ರೇನಿನಿಂದ ಕಲ್ಯಾಣದಲ್ಲೇ ಇಳಿದೆ. ಗಿರಣಿ ನಡೆಯುತ್ತಿತ್ತು. ಒಳಗೆ ಅವನ ಬೆನ್ನು ಕಾಣುತ್ತಿತ್ತು. ಯಂತ್ರ ನಿಲ್ಲುವ ತನಕ ನಾನು ಡಬ್ಬ ಹಿಡಿದ ಹೆಂಗಸರ ಸಾಲಿನಲ್ಲಿ ಖಾಲಿ ಕೈಯಲ್ಲಿ ನಿಂತೆ.